ಲೋಕಪ್ಪಣ್ಣನ ಬಲಗಾಲು

ಲೋಕಪ್ಪಣ್ಣನ ಬಲಗಾಲು ಲೋಕಪ್ಪಣ್ಣನ ಮಾತು ಕೇಳುತ್ತಿರಲಿಲ್ಲ. ಎಡಗಾಲು ಸಂಭಾವಿತ, ಇಟ್ಟಲ್ಲಿ ಇರುತ್ತಿತ್ತು. ಬಲಗಾಲಿನದು ಮಾತ್ರ ಬೇರೆಯೇ ಕಾರುಬಾರು. ಕೈ ಕೀಯ ಹತ್ತಿರ ಹೋಗುವಷ್ಟರಲ್ಲಿ ಅದು ಆಕ್ಸಿಲರೇಟರನ್ನು ಎರಡು ಸಲ ಒತ್ತಿಬಿಡುತ್ತಿತ್ತು. ಆಮೇಲೆ ಗಂಟಲಿನಿಂದ ಒಂದು ‘ಹ್ಞೂಂ’. ಅದಾದ ಮೇಲೆ ಗಾಡಿಗೆ ಒಂದು ಮಾತು: “ಏಳು ಮಾರಾಯ್ತಿ, ಬೆಳಗಾಯ್ತು.” ಮಧ್ಯಾಹ್ನ ಮೂರು ಗಂಟೆಗೆ ಹೊರಟರೂ ಅದೇ ಮಾತು.

ನಾನು ಮೂಡಿಗೆರೆಯ ಬಸ್‌ಸ್ಟ್ಯಾಂಡಿನ ಹಿಂದಿನ ಗ್ಯಾರೇಜಿನಲ್ಲಿ ಮೆಕ್ಯಾನಿಕ್. ಎಂಜಿನ್ ಬಿಚ್ಚುವುದು ನಮ್ಮ ಯಜಮಾನರ ಕೆಲಸ. ವಯರು, ಸೆನ್ಸರು, ಸ್ಕ್ಯಾನರು ನನ್ನ ಪಾಲು. ಅಂಗಿಗೆ ಗ್ರೀಸ್ ತಾಗುವುದಿಲ್ಲವಾದ್ದರಿಂದ ನಾನು ಕೆಲಸವನ್ನೇ ಮಾಡುವುದಿಲ್ಲ ಎಂದು ಅವರ ನಂಬಿಕೆ. ಸಂಜೆ ಹೊತ್ತು, ಮದುವೆ ಮನೆಗಳಲ್ಲಿ, ಎಸ್ಟೇಟಿನ ವಾರ್ಷಿಕೋತ್ಸವಗಳಲ್ಲಿ ನಾನು ಮಿಮಿಕ್ರಿ ಮಾಡುತ್ತೇನೆ. ಕೆಮ್ಮುವ ಯಜಮಾನರು, ಸ್ಟಾರ್ಟ್ ಆಗದ ಸ್ಕೂಟರು, ಹಾಜರಿ ಕೂಗುವ ಎಸ್ಟೇಟ್ ರೈಟರು, ಎಲ್ಲರೂ ನನ್ನ ಗಂಟಲಲ್ಲಿ ಬಾಡಿಗೆಗಿದ್ದಾರೆ. ನನ್ನದೇ ದನಿ ಯಾವುದು ಎಂದು ಕೇಳಬೇಡಿ. ಒಮ್ಮೆ ಹುಡುಗಿಯೊಬ್ಬಳಿಗೆ ಮನಸ್ಸಿನ ಮಾತು ಹೇಳಲು ಹೋಗಿ, ಗಾಬರಿಯಲ್ಲಿ ರೈಟರ ದನಿಯಲ್ಲಿ ಹೇಳಿ ಕಳೆದುಕೊಂಡವನು ನಾನು.

ನನ್ನ ಐಟಂಗಳಲ್ಲಿ ಹೆಚ್ಚು ಚಪ್ಪಾಳೆ ಬೀಳುತ್ತಿದ್ದದ್ದು ಲೋಕಪ್ಪಣ್ಣನ ಸ್ಟಾರ್ಟಿಂಗಿಗೆ. ಬಾಳೂರಿನಿಂದ ಮೂಡಿಗೆರೆಗೆ ಹಳೆಯ ಪೆಟ್ರೋಲ್ ಜೀಪು ಓಡಿಸಿದ ಮನುಷ್ಯ ಅವರು. ಆ ಜೀಪಿನಲ್ಲಿ ಕೂರದವರು ಆ ಕಡೆ ಯಾರೂ ಇರಲಿಲ್ಲ. ತೋಟದ ಆಳುಗಳು, ಪಾರ್ಚ್‌ಮೆಂಟ್ ಕಾಫಿಯ ಮೂಟೆ, ಮದುವೆ ದಿಬ್ಬಣ, ಹೆರಿಗೆ ನೋವಿನ ಹೆಂಗಸರು ಎಲ್ಲ ಅದರಲ್ಲೇ. ಜೀಪು ತುಂಬಿ ಬಾನೆಟ್ಟಿನ ಮೇಲೂ ಜನ ಕೂತಾಗ, ಹೊರಗಿಂದ ಇನ್ನೊಬ್ಬ ಕೈ ಅಡ್ಡ ಹಾಕಿದರೆ ಅವರು ನಿಲ್ಲಿಸಿ ಹೇಳುತ್ತಿದ್ದರು: “ಹತ್ತು ಮಾರಾಯ, ಜಾಗ ಇಲ್ಲ.” ಹತ್ತಿಸಿಕೊಳ್ಳುತ್ತಲೂ ಇದ್ದರು. ಆ ಜೀಪಿಗೆ ಬೆಳಗಿನ ಚಳಿ ಆಗದು. ಕಾಲಿನಿಂದ ಎರಡು ಸಲ ಪೆಟ್ರೋಲ್ ಉಣಿಸದಿದ್ದರೆ ಅದು ಮುದುಡಿ ಮಲಗುತ್ತಿತ್ತು. ಬಲಗಾಲು ಕಲಿತ ಬುದ್ಧಿ ಅಲ್ಲಿಯದು.

ಒಂದು ಆರತಕ್ಷತೆಯಲ್ಲಿ ಅವರು ಬಂದದ್ದನ್ನು ನೋಡದೆ ನಾನು ಅವರ ಐಟಂ ಶುರು ಮಾಡಿದೆ. ಕುರ್ಚಿಯ ಮೇಲೆ ಕೂತು ಕಾಲಿನಲ್ಲಿ ಧಪ್ ಧಪ್, ಹ್ಞೂಂ, ಏಳು ಮಾರಾಯ್ತಿ. ಜನ ನಕ್ಕರು. ಇಳಿದು ಬಂದರೆ ಪಲಾವಿನ ತಟ್ಟೆ ಹಿಡಿದು ಲೋಕಪ್ಪಣ್ಣ ನಿಂತಿದ್ದಾರೆ! ಓಡುವುದಕ್ಕೆ ದಾರಿ ನೋಡಿದೆ.

“ಏ ನಕಲಿ, ಬಾ ಇಲ್ಲಿ. ಎಂತ ಮಾಡಿದ್ದು ನೀನು?”

“ತಮಾಷೆಗೆ ಅಣ್ಣಾ...”

“ತಮಾಷೆ ಸರಿ, ಕಾಲು ತಪ್ಪು. ಎರಡೂ ಒಂದೇ ಸಮ ಒತ್ತಿದ್ಯಲ್ಲ? ಮೊದಲನೇದು ಜೋರು. ಎರಡನೇದು ಸ್ವಲ್ಪ ಮೆಲ್ಲಗೆ. ಮೊದಲನೇದು ಅದನ್ನ ಎಬ್ಬಿಸೋದು, ಎರಡನೇದು ಸಮಾಧಾನ ಮಾಡೋದು. ತಿಳೀತಾ?”

ತಿಳಿಯಿತು ಎಂದೆ. ಆಮೇಲೆ ಎಷ್ಟು ಅಭ್ಯಾಸ ಮಾಡಿದರೂ ಆ ಎರಡನೆಯದು ನನಗೆ ಬರಲಿಲ್ಲ. ಎದುರಿಗೆ ಸಿಕ್ಕಾಗಲೆಲ್ಲ ಅವರು ಪರೀಕ್ಷೆ ಮಾಡಿ ಫೇಲ್ ಮಾಡುತ್ತಿದ್ದರು.

ಜೀಪು ಗುಜರಿ ಸೇರಿದ ವರ್ಷ ಅವರ ಮಗಳು ಶಾಲಿನಕ್ಕ ತನ್ನ ಕಾರನ್ನು ಅವರಿಗೆ ಕೊಟ್ಟಳು. ಶಾಲಿನಕ್ಕ ಮೂಡಿಗೆರೆಯ ಮೆಡಿಕಲ್ ಶಾಪಿನಲ್ಲಿ ಕೆಲಸ ಮಾಡುವವಳು. ಸ್ಟ್ರಿಪ್ಪಿನಿಂದ ಮಾತ್ರೆ ಕತ್ತರಿಸಿ ಕೊಡುವಷ್ಟೇ ಚೊಕ್ಕವಾಗಿ ಮಾತಾಡುತ್ತಾಳೆ. ಅವಳ ಕೈಯಲ್ಲಿ ಕಾರು ಒಂದು ದಿನವೂ ತಕರಾರು ಮಾಡಿರಲಿಲ್ಲ. ಬಾಳೂರಿಗೆ ಹೋದದ್ದೇ ತಡ, ಆಕ್ಸಿಲರೇಟರಿನಿಂದ ಕಾಲು ತೆಗೆದ ಕಡೆಯೆಲ್ಲ ಆಫ್ ಆಗತೊಡಗಿತು. ಒಂದು ದಿನ ಏರಿನ ತಿರುವಿನಲ್ಲಿ ನಿಂತೇ ಹೋಯಿತು. ಸ್ಟಿಯರಿಂಗ್ ಬಿಗಿ, ಬ್ರೇಕ್ ಬಿಗಿ, ಹಿಂದೆ ಮರದ ಲಾರಿ, ಹಿಂದಿನ ಸೀಟಿನಲ್ಲಿ ಲೋಕಪ್ಪಣ್ಣನ ಹೆಂಡತಿ ಸರೋಜಕ್ಕ. ಕಾರು ಹಿಮ್ಮುಖವಾಗಿ ಜಾರಿ ಚರಂಡಿಯ ಅಂಚಿಗೆ ಬಂದು ನಿಂತಿತಂತೆ.

ಮರುದಿನ ಅಪ್ಪ, ಮಗಳು, ಕಾರು, ಮೂವರೂ ಗ್ಯಾರೇಜಿಗೆ ಬಂದರು.

“ನೋಡು, ಇವರ ಎದುರಿಗೇ ಹೇಳ್ತಿದೀನಿ” ಎಂದಳು ಶಾಲಿನಕ್ಕ. “ಇದನ್ನ ಸರಿ ಮಾಡು. ಇನ್ನೊಂದ್ಸಲ ರೋಡಲ್ಲಿ ನಿಂತ್ರೆ ಕೀ ನಾನು ಇಟ್ಕೊಳ್ತೀನಿ. ಆಮೇಲೆ ಅಪ್ಪ ಬಸ್ಸಲ್ಲೇ ಓಡಾಡ್ಲಿ. ನನ್ಹತ್ರ ಇದ್ದಾಗ ಸರಿ ಇತ್ತಲ್ಲ?”

“ಗಾಡಿಗೆ ಜಾಗ ಹೊಸತು ಮಾರಾಯ್ತಿ” ಎಂದರು ಲೋಕಪ್ಪಣ್ಣ.

“ಗಾಡಿದಲ್ಲ ಅಪ್ಪ, ನಿಮ್ದು. ವಯಸ್ಸಾಯ್ತು.”

ಯಾರ ಬಾಯನ್ನೂ ಮುಚ್ಚಿಸಬಲ್ಲ ಲೋಕಪ್ಪಣ್ಣ ಕಿಸೆಯೊಳಗಿನ ಕೀಯನ್ನು ಮೇಲಿಂದ ಮುಟ್ಟಿ ನೋಡಿಕೊಂಡರು, ಅಷ್ಟೆ. ಊರನ್ನೆಲ್ಲ ಕೂರಿಸಿಕೊಂಡು ಹೋದವರಿಗೆ ಇನ್ನೊಬ್ಬರ ಪಕ್ಕ ಟಿಕೆಟ್ ಹರಿಸಿಕೊಂಡು ಕೂರುವುದೆಂದರೆ ಏನೆಂದು ನನ್ನಂಥ ಮಂಗನಿಗೂ ಅರ್ಥವಾಯಿತು.

ಇಲ್ಲಿ ಸ್ವಲ್ಪ ಪಾಠ ಮಾಡಬೇಕು, ಕ್ಷಮಿಸಿ. ಜೀಪಿನಲ್ಲಿ ಕಾಲು ಒತ್ತಿದರೆ ಎಂಜಿನ್ನಿಗೆ ಗಾಳಿ ಬಿಡುವ ಬಾಗಿಲು, ಅಂದರೆ ಥ್ರಾಟಲ್, ನೇರವಾಗಿ ತೆರೆಯುತ್ತಿತ್ತು. ಈಗಿನ ಕಾರಿನಲ್ಲಿ ಕಾಲಿಗೂ ಆ ಬಾಗಿಲಿಗೂ ನೇರ ಸಂಬಂಧವಿಲ್ಲ. ಪೆಡಲ್ ಒಂದು ಅರ್ಜಿ ಕೊಡುತ್ತದೆ, ಕಂಪ್ಯೂಟರ್ ಪರಿಶೀಲಿಸುತ್ತದೆ, ಮೋಟಾರಿಗೆ ಆದೇಶ ಹೋಗುತ್ತದೆ, ಆಮೇಲೆ ಬಾಗಿಲು. ತಾಲೂಕು ಕಚೇರಿಯ ಕ್ರಮವೇ, ಆದರೆ ಕೆಲಸ ಆಗುತ್ತದೆ. ಆ ಬಾಗಿಲಿನ ಸುತ್ತ ಮಸಿ ಕಟ್ಟುತ್ತದೆ. ಎಷ್ಟು ತೆರೆದರೆ ಎಂಜಿನ್ ಸುಮ್ಮನೆ ಗುಂಯ್ ಎನ್ನುತ್ತದೆ ಎಂಬುದನ್ನು ಕಂಪ್ಯೂಟರ್ ಮಸಿಯ ಸಮೇತ ಲೆಕ್ಕ ಹಾಕಿಟ್ಟುಕೊಂಡಿರುತ್ತದೆ. ಮಸಿ ತೊಳೆದರೆ, ಇಲ್ಲವೇ ಆ ಥ್ರಾಟಲನ್ನೇ ಹೊಸದು ಹಾಕಿದರೆ, ಹಳೆಯ ಲೆಕ್ಕ ಅಳಿಸಿ ಮತ್ತೆ ಕಲಿಸಬೇಕು. ಕಲಿಸುವುದೆಂದರೆ ಏನೂ ಮಾಡದೆ ಕೂರುವುದು. ಕೀ ಆನ್ ಮಾಡಿ ಕಾಯಬೇಕು, ಆಫ್ ಮಾಡಿ ಕಾಯಬೇಕು, ಸ್ಟಾರ್ಟ್ ಮಾಡಿ ಎಂಜಿನ್ ಬಿಸಿಯಾಗುವ ತನಕ ಕಾಯಬೇಕು. ಅಷ್ಟು ಹೊತ್ತೂ ಆಕ್ಸಿಲರೇಟರ್ ಮುಟ್ಟಬಾರದು.

ನಾನು ಥ್ರಾಟಲ್ ತೊಳೆದು ಫಳಫಳ ಮಾಡಿ, ಸ್ಕ್ಯಾನರ್ ಸಿಕ್ಕಿಸಿ, ಆಪರೇಷನ್ ಮುಗಿಸಿದ ಡಾಕ್ಟರರ ದನಿಯಲ್ಲಿ “ಕೀ ಕೊಡಿ” ಎಂದೆ.

“ನನ್ನ ಗಾಡಿ ಕೀ ನಾನೇ ತಿರುಗಿಸೋದು” ಎಂದು ಲೋಕಪ್ಪಣ್ಣ ಹತ್ತಿ ಕೂತರು. ಅವರ ಪದ್ಧತಿ ಅದು. ಜೀಪಿನ ಕೀಯನ್ನೂ ಇನ್ನೊಬ್ಬರ ಕೈಗೆ ಕೊಟ್ಟವರಲ್ಲ. ತಿರುಗಿಸಿದರು. ಸ್ಕ್ಯಾನರ್ ಕೆಂಪಗಾಯಿತು.

“ಅಣ್ಣಾ, ಕಾಲು.”

“ಇಟ್ಟಿಲ್ಲ ಮಾರಾಯ.”

“ಒತ್ತಿದ್ರಿ. ಇಲ್ಲಿ ತೋರಿಸ್ತದೆ ನೋಡಿ.”

“ಹೌದನಾ?” ಬಗ್ಗಿ ತಮ್ಮ ಪಾದವನ್ನೇ ದಿಟ್ಟಿಸಿದರು. “ಅದು ನಾನಲ್ಲ. ಕಾಲು.”

ಮತ್ತೆ ತಿರುಗಿಸಿದರು, ಮತ್ತೆ ಕೆಂಪು. ಚಪ್ಪಲಿ ಬಿಡಿಸಿದೆ, ಪ್ರಯೋಜನವಿಲ್ಲ. ಕೊನೆಗೆ ಡ್ರೈವರ್ ಸೀಟಿನ ಮೇಲೆ ಊಟಕ್ಕೆ ಕೂತ ಹಾಗೆ ಚಕ್ಕಳಮಕ್ಕಳ ಹಾಕಿಸಿ ಕೂರಿಸಿದೆ. ಹೊಟ್ಟೆ ಸ್ಟಿಯರಿಂಗಿಗೆ ಒತ್ತಿತ್ತು, ಕೈ ಕೀಯ ಮೇಲಿತ್ತು, ಮುಖ ತಪಸ್ಸಿನದು. ರಸ್ತೆಯಲ್ಲಿ ಹೋಗುವವರು ನಿಂತು ನೋಡಿದರು. “ಎಂತ ಲೋಕಪ್ಪಣ್ಣ, ಕಾರಿನ ಪೂಜೆಯಾ?” ಎಂದು ಯಾರೋ ಕೇಳಿದರು. “ಮಾತಾಡಿಸ್ಬೇಡ, ಪಾಠ ನಡೀತಾ ಉಂಟು” ಎಂದರು ಇವರು. ಎಂಜಿನ್ ಕಲಿಯಿತು. ನುಣ್ಣಗೆ ಗುಂಯ್ ಎಂದಿತು. ನಾನು ಬೀಗಿದೆ.

ಮರುದಿನ ಬೆಳಿಗ್ಗೆ ಫೋನು. “ನಕಲಿ, ಮತ್ತೆ ನಿಲ್ತದೆ ಮಾರಾಯ. ಗೇಟು ದಾಟಿಲ್ಲ. ಶಾಲಿನಿಗೆ ಹೇಳ್ಬೇಡ.” ಆ ಕೊನೆಯ ಮಾತನ್ನು ಎಷ್ಟು ಮೆಲ್ಲಗೆ ಹೇಳಿದರೆಂದರೆ ನನಗೆ ನಕಲು ಮಾಡಲೂ ಮನಸ್ಸಾಗಲಿಲ್ಲ.

ಪುನಃ ಕಲಿಸಿದೆ. ಸಂಜೆ ಚೆನ್ನಾಗಿಯೇ ಹೋಯಿತು. ಬೆಳಿಗ್ಗೆ ಮತ್ತೆ ಹಳೆ ರಾಗ. ನಾನು ಪೆಟ್ರೋಲನ್ನು ಬೈದೆ, ವಯರನ್ನು ಬೈದೆ, ಗೊತ್ತಾಗದಾಗ ಎಲ್ಲ ಮೆಕ್ಯಾನಿಕ್‌ಗಳೂ ಬೈಯುವಂತೆ ಮಂಜನ್ನೂ ಬೈದೆ. ಥ್ರಾಟಲನ್ನೇ ಬದಲಾಯಿಸೋಣ ಎಂದೆ. ಯಜಮಾನರು ಕೆಮ್ಮಿ ಹೇಳಿದರು: “ಸಂಜೆ ಇದ್ದದ್ದು ಬೆಳಿಗ್ಗೆ ಇಲ್ಲ ಅಂದ್ರೆ ಮಧ್ಯೆ ಎಂತ ಆಗ್ತದೆ ಅಂತ ಹೋಗಿ ನೋಡು. ಇಲ್ಲಿ ಕೂತು ಯಾಕೆ ಬೈತೀಯ?”

ಅವತ್ತು ಲೋಕಪ್ಪಣ್ಣನ ಜೊತೆಗೇ ಬಾಳೂರಿಗೆ ಹೋದೆ. ದಾರಿಯುದ್ದಕ್ಕೂ ಕಾರು ಒಂದು ಸಲವೂ ಮುನಿಸಿಕೊಳ್ಳಲಿಲ್ಲ. ಅಂಗಳದಲ್ಲಿ ನಿಲ್ಲಿಸಿದರು. ಸರೋಜಕ್ಕ ಕಾಫಿ ಕೊಟ್ಟರು, ಜೊತೆಗೆ ಹಲಸಿನ ಹಪ್ಪಳ. ನಾನು ಎರಡನೆಯ ಹಪ್ಪಳಕ್ಕೆ ಕೈ ಹಾಕುವಾಗ ಲೋಕಪ್ಪಣ್ಣ ಹತ್ತನೇ ನಂಬರ್ ಸ್ಪ್ಯಾನರ್ ಹಿಡಿದು, ಏನೋ ಗುನುಗುತ್ತಾ ಬಾನೆಟ್ ಎತ್ತಿದರು. ಬ್ಯಾಟರಿಯ ಟರ್ಮಿನಲ್ ಸಡಿಲಿಸಿ ಬಿಚ್ಚಿದರು. ಬಾನೆಟ್ಟನ್ನು ಮಗುವಿಗೆ ಹೊದಿಸಿದಂತೆ ಮುಚ್ಚಿದರು.

“ಅಣ್ಣಾ! ಎಂತ ಮಾಡಿದ್ರಿ?”

“ಎಂತ ಮಾಡೋದು? ದಿನಾ ತೆಗೀತೀನಿ. ಜೀಪಿಗೂ ತೆಗೀತಿದ್ದೆ. ಇಲ್ಲಾಂದ್ರೆ ಬೆಳಿಗ್ಗೆ ಬ್ಯಾಟ್ರಿ ಡೌನ್. ಈ ಥಂಡೀಲಿ ನಮ್ಮ ಕಡೆ ಎಲ್ಲ ಜೀಪಿನವರೂ ತೆಗೀತಾರೆ.”

ನಾನು ಹಪ್ಪಳ ಕೆಳಗಿಟ್ಟೆ. ಟರ್ಮಿನಲ್ ತೆಗೆದರೆ ಈ ಕಾರು ಕಲಿತದ್ದನ್ನೆಲ್ಲ ಮರೆಯುತ್ತದೆ. ಬೆಳಿಗ್ಗೆ ಏನೂ ತಿಳಿಯದ ಮಗುವಿನಂತೆ ಎದ್ದು, ಇನ್ನೇನು ಸ್ವಲ್ಪ ಕಲಿಯಬೇಕು ಅನ್ನುವಷ್ಟರಲ್ಲಿ ಬಲಗಾಲು ಧಪ್ ಧಪ್. ಇದನ್ನೆಲ್ಲ ಹೇಳಿದೆ. ಲೋಕಪ್ಪಣ್ಣ ಜಗಲಿಯ ಮೇಲೆ ಕೂತರು.

“ಅಂದ್ರೆ ನಾನು ಅಕ್ಕರೆಯಿಂದ ಮಾಡಿದ್ದೇ ಅದಕ್ಕೆ ಕಂಟಕ ಆಯ್ತನಾ?”

“ಹಾಗೇ ಆಯ್ತು ಅಣ್ಣ.”

“ಕೈದೂ ತಪ್ಪು, ಕಾಲಿಂದೂ ತಪ್ಪು.” ತಟ್ಟನೆ ಮುಖ ಅರಳಿತು. “ವಯಸ್ಸಿಂದಲ್ಲ, ಅಲ್ವಾ? ಅದನ್ನ ಶಾಲಿನಿಗೆ ಹೇಳು. ನಾಳೆಯೇ ಹೇಳು.”

ಟರ್ಮಿನಲ್ ಮತ್ತೆ ಹಾಕಿ, ಚಕ್ಕಳಮಕ್ಕಳ ಪಾಠ ಇನ್ನೊಮ್ಮೆ ಮಾಡಿಸಿ ಬಂದೆ. ಆ ರಾತ್ರಿ ಅವರು ಸರಿಯಾಗಿ ನಿದ್ದೆ ಮಾಡಲಿಲ್ಲವೆಂದು ಸರೋಜಕ್ಕ ಆಮೇಲೆ ಹೇಳಿದರು. “ಪಾಪ, ತಂತಿ ಸಿಕ್ಕಿಸ್ಕೊಂಡೇ ಮಲಗಿದೆ” ಎಂದು ಎದ್ದೆದ್ದು ಕಿಟಕಿಯಲ್ಲಿ ನೋಡುತ್ತಿದ್ದರಂತೆ.

ಭಾನುವಾರ ಪರೀಕ್ಷೆ. ಲೋಕಪ್ಪಣ್ಣ ಸ್ಟಿಯರಿಂಗಿನಲ್ಲಿ, ಶಾಲಿನಕ್ಕ ಪಕ್ಕದಲ್ಲಿ, ನಾನು ಹಿಂದೆ. ಕಾರು ಜಾರಿದ್ದ ಅದೇ ತಿರುವು ಬಂತು. ಎದುರಿನಿಂದ ಬಸ್ಸು ಬಂತು. ಲೋಕಪ್ಪಣ್ಣ ಕಾಲು ತೆಗೆದು ನಿಲ್ಲಿಸಿದರು. ಶಾಲಿನಕ್ಕನ ಕೈ ಬಾಗಿಲಿನ ಹಿಡಿಕೆಯ ಮೇಲಿತ್ತು. ಎಂಜಿನ್ ಗುಂಯ್ ಎನ್ನುತ್ತಲೇ ಇತ್ತು. ಬಸ್ಸು ಹೋಯಿತು, ನಾವು ಏರಿ ಹೋದೆವು. ಕನ್ನಡಿಯಲ್ಲಿ ನನ್ನನ್ನು ನೋಡಿ ಲೋಕಪ್ಪಣ್ಣ ಹುಬ್ಬು ಹಾರಿಸಿದರು. ಶಾಲಿನಕ್ಕ ಹಿಡಿಕೆಯಿಂದ ಕೈ ತೆಗೆದು, “ಕೀ ನೀವೇ ಇಟ್ಕೊಳ್ಳಿ” ಎಂದಳು. ಯಾರೋ ಕೇಳಿದ್ದಕ್ಕೆ ಉತ್ತರ ಕೊಟ್ಟಂತೆ.

ಆಮೇಲೆ ಎರಡು ಮಳೆಗಾಲ ಅವರೇ ಓಡಿಸಿದರು. ಸ್ಟಾರ್ಟ್ ಮಾಡುವಾಗ ಬಲಗಾಲನ್ನು ಎಡಕ್ಕೆ ಮಡಚಿ ಇಟ್ಟುಕೊಳ್ಳುವುದನ್ನು ಕಲಿತಿದ್ದರು. ಗ್ಯಾರೇಜಿನ ಮುಂದೆ ಹೋಗುವಾಗ ನಿಲ್ಲಿಸಿ, ಕಿಟಕಿಯಿಂದಲೇ “ನಕಲಿ, ಎರಡನೇದು ಬಂತಾ?” ಎಂದು ಕೇಳುತ್ತಿದ್ದರು. ನಾನು ನೆಲಕ್ಕೆ ಒತ್ತಿ ತೋರಿಸುತ್ತಿದ್ದೆ. “ಇಲ್ಲ ಮಾರಾಯ, ಇನ್ನೂ ಜೋರು” ಎಂದು ತಲೆಯಾಡಿಸಿ ಹೋಗುತ್ತಿದ್ದರು. ಕೊನೆಯ ಸಲ ಕಂಡಾಗಲೂ ನಮ್ಮ ಮಧ್ಯೆ ನಡೆದದ್ದು ಅಷ್ಟೇ ಮಾತು. ಕಾಫಿ ಕುಯ್ಲಿನ ಹೊತ್ತಿನಲ್ಲಿ ಒಂದು ಬೆಳಿಗ್ಗೆ ಎದೆ ಹಿಡಿದುಕೊಂಡು ಜಗಲಿಯ ಮೇಲೆ ಕೂತವರು ಮತ್ತೆ ಏಳಲಿಲ್ಲ.

ಕಾರು ಅಂಗಳದಲ್ಲಿ ನಿಂತೇ ಇತ್ತು. ಹೋದ ತಿಂಗಳು ಶಾಲಿನಕ್ಕ ಅದನ್ನು ಯಾರದೋ ಜೀಪಿಗೆ ಕಟ್ಟಿ ಎಳೆಸಿಕೊಂಡು ಗ್ಯಾರೇಜಿಗೆ ತಂದಳು. ಬ್ಯಾಟರಿ ಪೂರ್ತಿ ಸತ್ತಿತ್ತು.

“ಅಪ್ಪ ಇದ್ದಿದ್ರೆ ಟರ್ಮಿನಲ್ ತೆಗೆದಿಡ್ತಿದ್ರು” ಎಂದಳು. ಅದು ನಿಜವೂ ಆಗಿತ್ತು. ನಿಲ್ಲಿಸಿಡುವ ಗಾಡಿಗೆ ಅವರ ಪದ್ಧತಿಯೇ ಸರಿ. ಗೆದ್ದಿರಿ ಅಣ್ಣ ಎಂದು ಹೇಳಲು ಕಿಟಕಿಯಲ್ಲಿ ಯಾರೂ ಇರಲಿಲ್ಲ.

ಹೊಸ ಬ್ಯಾಟರಿ ಹಾಕಿದೆ. ಥ್ರಾಟಲ್ ತೊಳೆದೆ. ಡ್ರೈವರ್ ಸೀಟಿನಲ್ಲಿ ಕೂತೆ. ಶಾಲಿನಕ್ಕ ಪಕ್ಕದಲ್ಲಿ ಬಂದು ಕೂತು ಕೀಯನ್ನು ನನ್ನ ಕೈಗೆ ಕೊಟ್ಟಳು. ಆ ಕೀ ಅದೇ ಮೊದಲು ನನ್ನ ಕೈಗೆ ಬಂದದ್ದು.

“ಈಗ ಇದು ಹಳೇದೆಲ್ಲ ಮರ್ತಿದೆಯಾ?”

“ಮರ್ತಿದೆ ಅಕ್ಕ. ಹೊಸದಾಗಿ ಕಲಿಸ್ಬೇಕು.”

“ಅಪ್ಪ ಓಡಿಸಿದ್ದು?”

ಅದಕ್ಕೆ ಗೊತ್ತಿದ್ದದ್ದು ಬಾಗಿಲು, ಗಾಳಿ, ಮಸಿ ಮಾತ್ರ ಎಂದು ಹೇಳಬಹುದಿತ್ತು. ಡಾಕ್ಟರರ ದನಿ, ರೈಟರ ದನಿ, ಯಜಮಾನರ ಕೆಮ್ಮು, ಯಾವುದೂ ಒದಗಲಿಲ್ಲ. “ಸ್ವಲ್ಪ ಹೊತ್ತು ಸುಮ್ನೆ ಕೂರ್ಬೇಕು ಅಕ್ಕ, ಯಾರೂ ಕಾಲು ಒತ್ತಬಾರ್ದು” ಎಂದೆ. ಅದು ನನ್ನದೇ ದನಿ ಇದ್ದಿರಬೇಕು.

ನನ್ನ ಪಾದವನ್ನು ದೂರ ಎಳೆದುಕೊಂಡು ಕೀಯನ್ನು ಮುಟ್ಟಿದೆ. ಶಾಲಿನಕ್ಕ ಕಿಟಕಿಯ ಹೊರಗೆ ನೋಡುತ್ತಿದ್ದಳು. ಪೆಡಲೇ ಇಲ್ಲದ ಆ ಕಡೆ, ಮ್ಯಾಟಿನ ಮೇಲೆ, ಅವಳಿಗೇ ಗೊತ್ತಿಲ್ಲದೆ ಅವಳ ಬಲಗಾಲು ಎರಡು ಸಲ ಒತ್ತಿತು. ಮೊದಲನೆಯದು ಜೋರು. ಎರಡನೆಯದು ಸ್ವಲ್ಪ ಮೆಲ್ಲಗೆ.