ಹಸಿ ಸಿಮೆಂಟಿನ ಹೊಸ್ತಿಲು

ಸ್ಥಳ ಪರಿಶೀಲನೆಗೆ ಬಂದ ಅಧಿಕಾರಿ ನಮ್ಮ ದೊಡ್ಡಪ್ಪನ ಮನೆಯ ಹೊಸ್ತಿಲ ಬದಿಯ ಸಿಮೆಂಟನ್ನು ಬೆರಳಿಂದ ಒತ್ತಿ ನೋಡಿದರೋ, ಅಥವಾ ಮುಂದಿನದ್ದೆಲ್ಲ ಗೊತ್ತಾದ ಮೇಲೆ ನಾನೇ ಆ ಬೆರಳನ್ನು ಅಲ್ಲಿಗೆ ತಂದಿಟ್ಟೆನೋ, ಈಗ ಹೇಳಲಾರೆ. ವಿಶ್ವವಿದ್ಯಾಲಯದಲ್ಲಿ ಸಾಕ್ಷ್ಯವನ್ನು ಅನುಮಾನಿಸಲು ಕಲಿತೆ. ಆ ಪರೀಕ್ಷೆಯಲ್ಲಿ ಮೊದಲು ಸೋಲುವುದು ನನ್ನದೇ ನೆನಪು.

ದೊಡ್ಡಪ್ಪ ಗಣಿಯಲ್ಲಿ ಕೆಲಸಕ್ಕಿದ್ದಾಗ ಯಶವಂತನಗರದ ಹತ್ತಿರ, ಗುಡ್ಡದ ಬುಡದ ಸರ್ಕಾರಿ ಜಾಗದಲ್ಲಿ ಮನೆ ಕಟ್ಟಿಕೊಂಡಿದ್ದ. ಇಂಥ ಹಳೆಯ ಮನೆಗಳನ್ನು ಸಕ್ರಮ ಮಾಡಿ ಹಕ್ಕುಪತ್ರ ಕೊಡುವ ಅವಕಾಶವಿತ್ತು. ಅರ್ಜಿ ಕೊಟ್ಟು ವರ್ಷಗಳಾದರೂ ಸಂಡೂರಿನ ಕಚೇರಿಯಲ್ಲಿ ಅದು ಅಲುಗಾಡಲಿಲ್ಲ. ಹಕ್ಕುಪತ್ರ ಬರುವವರೆಗೆ ಹೊಸ್ತಿಲು ಕೂಡಿಸುವುದಿಲ್ಲವೆಂದು ದೊಡ್ಡಪ್ಪ ಹಟ ಹಿಡಿದಿದ್ದ. ತನ್ನದಾಗದ ನೆಲದಲ್ಲಿ ಹೊಸ್ತಿಲಿಗೆ ಅರಿಶಿನ ಕುಂಕುಮ ಹಚ್ಚಬಾರದು ಎಂದು ಅವನ ನಂಬಿಕೆ. ಬಾಗಿಲ ಕೆಳಗಿನ ಸಂದಿಯಿಂದ ಕೆಂಪು ಧೂಳು ಒಳಗೆ ಬರುತ್ತಿತ್ತು, ದೊಡ್ಡವ್ವ ಗುಡಿಸುತ್ತಿದ್ದಳು.

ಕೊನೆಗೆ ಹೊಸಪೇಟೆಯ ವಕೀಲರೊಬ್ಬರ ಮೂಲಕ ಹೈಕೋರ್ಟಿಗೆ ಹೋದ. ಎರಡು ತಿಂಗಳೊಳಗೆ ಅರ್ಜಿಯನ್ನು ತೀರ್ಮಾನಿಸಬೇಕೆಂದು ಸರ್ಕಾರಕ್ಕೆ ನಿರ್ದೇಶನವಾಯಿತು. ಹಕ್ಕುಪತ್ರ ಕೊಡಿ ಎಂದು ನ್ಯಾಯಾಲಯ ಹೇಳಿರಲಿಲ್ಲ. ಕೊಡುವುದೋ ಬಿಡುವುದೋ ಹೇಳಿಬಿಡಿ ಎಂದಿತ್ತು. ವಕೀಲರು ಇದನ್ನು ಬಿಡಿಸಿ ಹೇಳಿದರೂ ದೊಡ್ಡಪ್ಪನಿಗೆ ಗೆದ್ದಷ್ಟೇ ಖುಷಿ. ಕಂಪ್ಲಿಯ ಬಡಿಗನಿಂದ ಬೇವಿನ ಹೊಸ್ತಿಲು ಮಾಡಿಸಿ ತಂದ.

“ಮಲಗಿದ್ದ ಫೈಲು ಎಬ್ಬಿಸೀರಿ,” ಅಂದಳು ದೊಡ್ಡವ್ವ. “ಎದ್ದು ಏನು ಕೇಳತೈತೋ ಮೊದಲ ನೋಡೋಣ. ಈಗ ಇದನ್ನ ಕೂಡಿಸಬ್ಯಾಡ್ರಿ.”

“ನಿನಗ ಹೈಕೋರ್ಟಿಗಿಂತ ಭಾಳ ತಿಳಿತೈತೇನು? ಹಂಗಾರ ಒಂದು ಕರಿ ಕೋಟು ಹೊಲಿಸ್ತೀನಿ, ತಗೋ.”

ನಾವೆಲ್ಲ ನಕ್ಕೆವು. ಹೊಸ್ತಿಲು ಕೂತಿತು. ಅದರ ಜೊತೆಗೆ ಚೌಕಟ್ಟಿನ ಬದಿಗೆ ಹೊಸ ಗಿಲಾವು, ಮುಂದಿನ ಗೋಡೆಗೆ ಸುಣ್ಣ. ಅಕ್ಕಪಕ್ಕದವರು ಬಂದು ಪೇಢೆ ತಿಂದು, ಗೋಡೆಯನ್ನೊಮ್ಮೆ ನೋಡಿ ಹೋದರು.

ಜೀಪು ಬಂದ ಬೆಳಿಗ್ಗೆ ರಸ್ತೆಯಲ್ಲಿ ಅದಿರಿನ ಲಾರಿ ಒಂದೂ ಇರಲಿಲ್ಲ ಎಂದು ನನ್ನ ನೆನಪು. ಅದೂ ಸುಳ್ಳಿರಬಹುದು.

“ಯಾವಾಗ ಕಟ್ಟಿದ್ರಿ ಇದನ್ನ, ಯಜಮಾನ್ರ?” ಎಂದರು ಅಧಿಕಾರಿ.

“ಭಾಳ ಹಳೇದರೀ ಸಾಹೇಬ್ರ. ನನ್ನ ಮಗಳು ಇಲ್ಲೇ ಹುಟ್ಟ್ಯಾಳ.”

“ಸಿಮೆಂಟು ಇನ್ನೂ ಹಸಿ ಐತಲ್ರಿ.”

“ಹೊಸ್ತಿಲು ಮೊನ್ನಿ ಕೂಡಿಸಿದ್ದರಿ. ಒಳಗ ಬರ್ರಿ, ಕುಂದ್ರಿ, ಚಾ ಕುಡೀರಿ.”

ಅವರು ಹೊಸ್ತಿಲು ದಾಟಲಿಲ್ಲ. ಹೊರಗಿನಿಂದಲೇ ಬಾಗಿಲಿನ ಫೋಟೊ ತೆಗೆದು ಜೀಪು ಹತ್ತಿದರು. ದೊಡ್ಡವ್ವ ಚಾದ ಲೋಟ ಹಿಡಿದು ಬಾಗಿಲಲ್ಲೇ ನಿಂತಿದ್ದಳು, ಜೀಪಿನ ಧೂಳು ಪೂರಾ ಕೂರುವವರೆಗೆ.

ಇದು ಇತ್ತೀಚಿನ ಕಟ್ಟಡ, ಸಕ್ರಮಕ್ಕೆ ಬರುವುದಿಲ್ಲ ಎಂದು ಅರ್ಜಿ ತಿರಸ್ಕೃತವಾಯಿತು. ಅರ್ಜಿ ಬಾಕಿ ಇದೆಯೆಂಬ ಕಾರಣಕ್ಕೇ ಇಷ್ಟು ವರ್ಷ ಯಾರೂ ಮುಟ್ಟದ ಮನೆಯ ಗೋಡೆಗೆ, ಹೊಸ ಸುಣ್ಣದ ಮೇಲೆ, ತೆರವಿನ ನೋಟಿಸು ಅಂಟಿತು.

ನೆನಪನ್ನು ನಂಬದೆ, ಆಮೇಲೆ ನಾನು ಸಂಡೂರಿಗೆ ಹೋಗಿ ವಿಚಾರಿಸಿದೆ. ಬೆರಳಿನ ಸಂಗತಿ ಅಲ್ಲಿ ಯಾರಿಗೂ ಗೊತ್ತಿರಲಿಲ್ಲ. ಒಂದು ಮಾತ್ರ ಖಚಿತವಾಯಿತು: ತೀರ್ಮಾನ ನ್ಯಾಯಾಲಯ ಕೊಟ್ಟ ಗಡುವಿನೊಳಗೇ ಬಂದಿತ್ತು.