ರೇಡಿಯೋ ಮಾಡಿದ ಬಾಣಂತನ

ನನ್ನ ಗಂಡನಿಗೆ ಮೃಗಾಲಯದಲ್ಲಿ ಎಲ್ಲರೂ ರೇಡಿಯೋ ಎನ್ನುತ್ತಾರೆ. ಆ ಹೆಸರಿಟ್ಟವರ ಬಾಯಿಗೆ ಸಕ್ಕರೆ ಹಾಕಬೇಕು. ಆದರೆ ರೇಡಿಯೋಗಾದರೂ ಆರಿಸುವ ಗುಂಡಿ ಇರುತ್ತದೆ. ಇವರು ಹಲ್ಲುಜ್ಜುವಾಗಲೂ ಮಾತಾಡುತ್ತಾರೆ, ನೊರೆಯೆಲ್ಲ ಕನ್ನಡಿಗೆ ಸಿಡಿಯುತ್ತದೆ, ಒರೆಸುವವಳು ನಾನು. ಮದುವೆಯಾದ ಹೊಸದರಲ್ಲಿ, ಪರವಾಗಿಲ್ಲ, ನಾಲ್ಕು ಮಾತು ಬಲ್ಲ ಮನುಷ್ಯ ಎಂದು ಖುಷಿಪಟ್ಟಿದ್ದೆ. ಆ ಖುಷಿ ಒಂದು ವಾರವೂ ಬಾಳಲಿಲ್ಲ.

ಅವರದು ನೀರುನಾಯಿಗಳನ್ನು ನೋಡಿಕೊಳ್ಳುವ ಕೆಲಸ. ನೀರುನಾಯಿ ಎಂದರೆ ಬೆಕ್ಕಿನಷ್ಟು ಗಾತ್ರದ್ದು ಅಂದುಕೊಳ್ಳಬೇಡಿ. ಇವು ದೂರದ ದೊಡ್ಡ ನದಿಗಳ ದೈತ್ಯ ಜಾತಿ. ಬಾಲ ಸೇರಿಸಿ ಅಳೆದರೆ ನನ್ನ ಗಂಡನಿಗಿಂತ ಉದ್ದ, ಹೊಟ್ಟೆಬಾಕತನದಲ್ಲಿ ಮಾತ್ರ ಇಬ್ಬರೂ ಸಮಸಮ. ಮೀನು ಬಿಟ್ಟು ಬೇರೆ ಏನನ್ನೂ ಮೂಸಿ ಕೂಡ ನೋಡುವುದಿಲ್ಲ. ಗಂಟಲ ಕೆಳಗೆ ಕೆನೆಬಣ್ಣದ ಮಚ್ಚೆ ಇರುತ್ತದೆ, ಒಂದಕ್ಕಿರುವಂತೆ ಇನ್ನೊಂದಕ್ಕಿರುವುದಿಲ್ಲ, ಅದನ್ನು ನೋಡಿಯೇ ಇದು ಯಾರು ಅದು ಯಾರು ಎಂದು ಗುರುತು ಹಿಡಿಯುತ್ತಾರೆ. ಏನಾದರೂ ಸರಿಬೀಳದಿದ್ದರೆ ನೀರಿನಿಂದ ಎದೆಮಟ್ಟ ಎದ್ದು, ಆ ಮಚ್ಚೆ ತೋರಿಸುತ್ತ, ಮೂಗಿನಿಂದ 'ಫೂ' ಎಂದು ಉಸಿರು ಬಿಟ್ಟು ಎದುರಿನವರನ್ನು ಗುರಾಯಿಸುತ್ತವೆ. ಇನ್ನು ಅವುಗಳ ಕೂಗಾಟವೋ, ಕೇಳಬೇಡಿ. ಹಸಿವಿಗೊಂದು, ಹೆದರಿಕೆಗೊಂದು, ಗಂಡನನ್ನು ಕರೆಯುವುದಕ್ಕೊಂದು.

"ಥೇಟ್ ನಮ್ಮನೇ ಥರಾನೇ ಕಣೇ" ಎನ್ನುತ್ತಾರೆ ನಮ್ಮವರು.

ಅಲ್ಲಿರುವುದು ಒಂದು ಜೋಡಿ. ಹೆಣ್ಣನ್ನು ಇವರು ಅಕ್ಕ ಎಂದು ಕರೆಯುತ್ತಾರೆ, ಆ ಲೆಕ್ಕದಲ್ಲಿ ಗಂಡು ಭಾವ. ನಾದಿನಿಯರಿಲ್ಲದ ಮನೆ ಎಂದು ನೆಮ್ಮದಿಯಾಗಿ ಮದುವೆಯಾಗಿ ಬಂದವಳು ನಾನು. ಇಲ್ಲಿ ನೋಡಿದರೆ ಮೀಸೆಯಿರುವ ನಾದಿನಿಯೊಬ್ಬಳು ಕೊಳದಲ್ಲಿ ಕೂತಿದ್ದಳು. ಮೀನಿನ ಬಕೆಟ್ ಹಿಡಿದು ಗೂಡಿನ ಗೋಡೆಯಾಚೆ ನಿಂತರೆಂದರೆ ಇವರ ಪುರಾಣ ಶುರು. ವರ್ಷಗಟ್ಟಲೆ ಹೀಗೇ ನಡೆದಿತ್ತು.

ಕಾಡಿನಲ್ಲಿ ಈ ಜಾತಿಯನ್ನು ತುಪ್ಪಳದಾಸೆಗೆ ಹೊಡೆದು ಹೊಡೆದು ಹೆಚ್ಚುಕಡಿಮೆ ಮುಗಿಸಿಯೇಬಿಟ್ಟಿದ್ದರಂತೆ. ಬೇಟೆ ನಿಂತಮೇಲೂ ಕಾಟ ತಪ್ಪಲಿಲ್ಲ. ಚಿನ್ನ ಸೋಸುವವರು ನದಿಗೆ ಪಾದರಸ ಬಿಡುತ್ತಾರೆ, ಅದು ಮೀನಿನೊಳಕ್ಕೆ ಹೋಗಿ, ಮೀನಿನಿಂದ ಇವುಗಳ ಹೊಟ್ಟೆ ಸೇರುತ್ತದೆ. ಹಾಗಾಗಿ ಎಲ್ಲೇ ಆಗಲಿ ಒಂದು ಮರಿ ಬದುಕಿದರೂ ದೊಡ್ಡ ಸಂಗತಿ. ನಮ್ಮ ಅಕ್ಕ ಒಮ್ಮೆ ಹೆತ್ತಿದ್ದಳು. ದೊಡ್ಡ ಸಾಹೇಬರು ಅತಿಥಿಗಳನ್ನು ಕರೆತಂದು ಗೂಡಿನೊಳಗೆ ಟಾರ್ಚ್ ಬಿಡಿಸಿ ತೋರಿಸಿದರು. ಗಾಬರಿಬಿದ್ದ ನೀರುನಾಯಿ ಮರಿಯನ್ನು ಬಾಯಲ್ಲಿ ಕಚ್ಚಿಕೊಂಡು ಈ ಮೂಲೆಯಿಂದ ಆ ಮೂಲೆಗೆ, ಆ ಮೂಲೆಯಿಂದ ಈ ಮೂಲೆಗೆ ಸಾಗಿಸುತ್ತಲೇ ಇರುತ್ತದೆ, ಕೂತು ಹಾಲು ಕುಡಿಸುವುದೇ ಇಲ್ಲ. ಮರಿಗಳು ಒಂದೊಂದಾಗಿ ಹೋದವು. ಕೊನೆಯದೂ ಹೋದ ದಿನ ನನ್ನ ಗಂಡ ಮಾತಿಲ್ಲದೆ ಉಂಡರು.

ಈ ಸಲ ಅಕ್ಕ ಮತ್ತೆ ಬಸುರಾದಾಗ ಸಾಹೇಬರು ಖಡಾಖಂಡಿತವಾಗಿ ಹೇಳಿಬಿಟ್ಟರು, ಮರಿ ಉಳಿಯದಿದ್ದರೆ ಜೋಡಿಯನ್ನು ಬೇರೆ ಮೃಗಾಲಯಕ್ಕೆ ಕಳಿಸುವುದೇ ಸೈ ಎಂದು. ಟಾರ್ಚ್ ಬಿಡಿಸಿದವರು ಯಾರು ಎಂದು ಕೇಳುವ ಧೈರ್ಯ ಯಾರಿಗಿದೆ? ಪ್ರಾಣಿಗಳ ಡಾಕ್ಟರಮ್ಮ ಪಾಪ ಒಳ್ಳೆಯ ಹೆಂಗಸು, ತುಂಬ ಯೋಚಿಸಿ ಗೂಡಿನ ಸುತ್ತ ಪಿಸುಮಾತೂ ಕೂಡದೆಂದು ಅಪ್ಪಣೆ ಮಾಡಿದರು. ಗೂಡಿನೊಳಗೆ ಕ್ಯಾಮೆರಾ ಇಟ್ಟು, ಆಫೀಸಿನ ಪರದೆಯಲ್ಲೇ ನೋಡುವ ಏರ್ಪಾಟಾಯಿತು. ಆಮೇಲೆ ನನ್ನ ಗಂಡನ ಮುಖ ನೋಡಿ, "ನೀವಂತೂ ಉಸಿರೂ ಮೆಲ್ಲಗೆ ಬಿಡ್ಬೇಕು" ಎಂದರಂತೆ.

ಇವರು ಮನೆಯಲ್ಲಿಯೇ ಅಭ್ಯಾಸ ಶುರು ಮಾಡಿದರು. ಉಪ್ಪು ಬೇಕಾದರೆ ಚಿಟಿಕೆ ತೋರಿಸುವುದು, ಚಹಾ ಬೇಕಾದರೆ ಗಾಳಿಯಲ್ಲಿ ಲೋಟ ಎತ್ತುವುದು. ನನಗೋ ಸ್ವರ್ಗಕ್ಕೆ ಮೂರೇ ಗೇಣು. ಅಕ್ಕ ವರ್ಷವಿಡೀ ಬಸುರಿಯಾಗಿರಲಿ ಎಂದು ಹಾರೈಸಿದೆ.

ಮರಿಗಳು ಹುಟ್ಟಿದವು. ಗೂಡಿನ ಸುತ್ತ ಸೂಜಿ ಬಿದ್ದರೂ ಕೇಳುವಂಥ ಮೌನ. ಆದರೂ ಪರದೆಯ ಮೇಲೆ ನೋಡಿದರೆ ಅಕ್ಕ ಮರಿ ಕಚ್ಚಿಕೊಂಡು ಓಡಾಡುತ್ತಿದ್ದಾಳೆ. ಡಾಕ್ಟರಮ್ಮ ಕೈಕೈ ಹಿಸುಕಿಕೊಂಡರು. ಇನ್ನೂ ಯಾವ ಸದ್ದು ನಿಲ್ಲಿಸುವುದು? ಗಡಿಯಾರವನ್ನೂ ತೆಗೆಸಿಯಾಗಿತ್ತು. ಅಷ್ಟರಲ್ಲಿ ನನ್ನ ಗಂಡ ಮೀನಿನ ಬಕೆಟ್ ಹಿಡಿದು ಬೆಕ್ಕಿನ ಹೆಜ್ಜೆ ಇಡುತ್ತ ಬಂದವರು, ಒದ್ದೆ ನೆಲದ ಮೇಲೆ ಜಾರಿ ಧೊಪ್ಪೆಂದು ಕೂತರು. ಬಕೆಟ್ಟು ಉರುಳಿತು, ಮೀನೆಲ್ಲ ಚೆಲ್ಲಾಪಿಲ್ಲಿಯಾಯಿತು.

"ಅಯ್ಯಯ್ಯೋ, ಸೊಂಟ ಹೋಯ್ತಲ್ಲಕ್ಕಾ!"

ಡಾಕ್ಟರಮ್ಮನಿಗೆ ಜೀವ ಬಾಯಿಗೆ ಬಂತು. ಪರದೆ ನೋಡುತ್ತಾರೆ, ಅಕ್ಕ ನಿಂತಿದ್ದಾಳೆ. ಕಿವಿ ನೆಟ್ಟಗಾಗಿದೆ. ಮೆಲ್ಲಗೆ ಮರಿಯನ್ನು ಕೆಳಗಿಟ್ಟು, ಅದರ ಪಕ್ಕದಲ್ಲೇ ಉರುಳಿಕೊಂಡಳು. ಇತ್ತ ನನ್ನ ಗಂಡ ಹೆದರಿ ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡು ಕೂತರು. ಸ್ವಲ್ಪ ಹೊತ್ತಿಗೆ ಅಕ್ಕ ಎದ್ದು ಮತ್ತೆ ಮರಿ ಎತ್ತಿಕೊಂಡಳು. ಆಗ ಡಾಕ್ಟರಮ್ಮನಿಗೆ ಹೊಳೆಯಿತು. ಇಷ್ಟು ವರ್ಷ ಗೋಡೆಯಾಚೆ ಆ ವಟವಟ ಕೇಳುತ್ತಿದ್ದರೆ ಎಲ್ಲ ಸರಿಯಿದೆ ಎಂದು ಅಕ್ಕನ ಲೆಕ್ಕ. ಇದ್ದಕ್ಕಿದ್ದಂತೆ ಅದು ನಿಂತರೆ ಏನೋ ಅಪಾಯ ಬಂದಿರಬೇಕು. ಡಾಕ್ಟರಮ್ಮ ಓಡಿಬಂದು, "ಮಾತಾಡ್ರೀ! ಏನಾದ್ರೂ ಮಾತಾಡ್ರೀ!" ಎಂದರು.

"ಏನ್ ಮಾತಾಡ್ಲಿ ಮೇಡಂ?" ಎಂದರಂತೆ ಇವರು. ಈ ಪ್ರಶ್ನೆ ಅವರ ಬಾಯಲ್ಲಿ ಬಂದದ್ದು ಹುಟ್ಟಿದಮೇಲೆ ಅದೇ ಮೊದಲು.

ಇದೆಲ್ಲ ನನಗೆ ತಿಳಿದದ್ದು ಆಮೇಲೆ. ಒಂದು ದಿನ ಮರೆತುಹೋದ ಬುತ್ತಿ ಕೊಡಲು ಮೃಗಾಲಯಕ್ಕೆ ಹೋದೆ. ಟಿಕೆಟ್ ಕೌಂಟರಿನಾಕೆ ಮುಖವರಳಿಸಿ, "ಅಕ್ಕಾ, ನಿಮ್ ತಂಗಿ ಇಸ್ತ್ರಿಪೆಟ್ಟಿಗೆ ವಾಪಸ್ ಕೊಟ್ಲಾ?" ಎಂದಳು. ನಾನು ತಬ್ಬಿಬ್ಬು. ನಾಲ್ಕು ಹೆಜ್ಜೆ ಹೋದರೆ ಕಸ ಗುಡಿಸುವ ತಾತ ಪೊರಕೆ ಊರಿ ನಿಂತು, "ಎಡಮಗ್ಗುಲಾಗಿ ಮಲಗಿ ನೋಡಮ್ಮಾ, ಗೊರಕೆ ಕಮ್ಮಿಯಾಗುತ್ತೆ" ಎಂದು ಕನಿಕರದಿಂದ ಹೇಳಿದ. ಸಿಟ್ಟು ನೆತ್ತಿಗೇರಿತು ನನಗೆ. ಬುತ್ತಿ ಕಂಕುಳಲ್ಲಿ ಇರುಕಿಕೊಂಡು ಆಫೀಸಿಗೆ ನುಗ್ಗಿದೆ.

ಒಳಗೆ ಡಾಕ್ಟರಮ್ಮ, ಗುಮಾಸ್ತ, ಪಕ್ಷಿಗಳ ಕಡೆಯವನು ಎಲ್ಲ ಚಹಾ ಲೋಟ ಹಿಡಿದು ಪರದೆಯ ಮುಂದೆ ಧಾರಾವಾಹಿ ನೋಡುವವರ ಹಾಗೆ ಕೂತಿದ್ದಾರೆ. ಕ್ಯಾಮೆರಾದ ಜೊತೆಗೆ ಮೈಕೂ ಇತ್ತು. ನನ್ನ ಗಂಡನ ದನಿ ಕೋಣೆಯ ತುಂಬ: "ಗೊರಕೆ ಹೊಡೀತೀಯ ಅಂದ್ರೆ ಒಪ್ಪೋದೇ ಇಲ್ಲ ಅಕ್ಕಾ! ಕಿಟಕಿ ಗಾಜು ಅದರ್ತಿರುತ್ತೆ, ಅದಕ್ಕೆ ಗಾಳಿ ಅಂತಾಳೆ..."

ನನ್ನನ್ನು ನೋಡಿ ಗುಮಾಸ್ತ ಚಹಾ ನೆತ್ತಿಗೆ ಹತ್ತಿಸಿಕೊಂಡ. ನಾನು ಬಾಯಿ ತೆರೆದೆ. ಡಾಕ್ಟರಮ್ಮ ತುಟಿಯ ಮೇಲೆ ಬೆರಳಿಟ್ಟು ಪರದೆ ತೋರಿಸಿದರು. ಅಕ್ಕ ಕಣ್ಣು ಅರೆಮುಚ್ಚಿ ಮಲಗಿದ್ದಳು. ಹೊಟ್ಟೆಗೆ ಅಂಟಿಕೊಂಡು ಮರಿಗಳು ಲೊಚಲೊಚ ಹಾಲು ಕುಡಿಯುತ್ತಿದ್ದವು. ಬಾಗಿಲಲ್ಲಿ ಭಾವ ಕಾವಲು ಕೂತಿದ್ದ. ನಾನು ತೆರೆದ ಬಾಯಿ ಮುಚ್ಚಿಕೊಂಡು, ಬುತ್ತಿ ಮೇಜಿನ ಮೇಲಿಟ್ಟು ಮನೆಗೆ ಬಂದೆ.

ಸಂಜೆ ಮಾತ್ರ ಬಿಡಲಿಲ್ಲ. "ಊರಿಗೆಲ್ಲ ಡಂಗುರ ಹೊಡೆದಿದ್ದೀರಲ್ರೀ! ಮಾನ ಮರ್ಯಾದೆ ಬೇಡ್ವಾ?"

"ಮೈಕ್ ಇದೆ ಅಂತ ನಂಗೇನ್ ಗೊತ್ತೇ? ಅಕ್ಕನ ಹತ್ರ ಹೇಳ್ಕೊಂಡೆ ಅಷ್ಟೇ."

"ನನ್ ವಿಷಯ ಬಿಟ್ಟು ಬೇರೇನೂ ಇಲ್ವಾ ನಿಮ್ಗೆ?"

ಅವರು ಪ್ರಾಮಾಣಿಕವಾಗಿ ಯೋಚಿಸಿದರು. "ಇಲ್ಲ ಕಣೇ" ಎಂದರು.

ಹಗಲೆಲ್ಲ ಆ ತೇವದ ಗೋಡೆಗೆ ಒರಗಿ ಮಾತಾಡಿ ಮಾತಾಡಿ, ಒಂದು ಬೆಳಗ್ಗೆ ಎದ್ದರೆ ಗಂಟಲು ಕಟ್ಟಿಹೋಗಿತ್ತು. ಬಾಯಿ ತೆರೆದರೆ ಬರೀ ಗಾಳಿ. ಹಾಗೇ ಕೆಲಸಕ್ಕೆ ಓಡಿದರು. ಸ್ವಲ್ಪ ಹೊತ್ತಿಗೆಲ್ಲ ಮೃಗಾಲಯದ ಗಾಡಿ ಬಂದು ನನ್ನನ್ನು ಹತ್ತಿಸಿಕೊಂಡಿತು. ಅಕ್ಕ ಮತ್ತೆ ಮರಿ ಕಚ್ಚಿಕೊಂಡಿದ್ದಳು. ಡಾಕ್ಟರಮ್ಮ ತಾವೇ ಮಾತಾಡಿ ನೋಡಿದ್ದರು, ಗುಮಾಸ್ತನನ್ನು ನಿಲ್ಲಿಸಿದ್ದರು, ನಿಜವಾದ ರೇಡಿಯೋ ತಂದಿಟ್ಟಿದ್ದರು. ಅಕ್ಕ ಯಾರಿಗೂ ಸೊಪ್ಪು ಹಾಕಿರಲಿಲ್ಲ. ಮೂಲೆಯಲ್ಲಿ ನನ್ನ ಗಂಡ ತಲೆಯ ಮೇಲೆ ಕೈ ಹೊತ್ತು ಕೂತಿದ್ದರು.

"ಅವ್ರ ಮಾತೆಲ್ಲ ರೆಕಾರ್ಡ್ ಆಗಿದೆ" ಎಂದರು ಡಾಕ್ಟರಮ್ಮ, "ದೊಡ್ಡದಾಗಿ ಸ್ಪೀಕರಲ್ಲಿ ಹಾಕ್ಬೇಕು. ಆದ್ರೆ... ಅದ್ರ ತುಂಬ ನೀವೇ ಇದ್ದೀರಿ. ನಿಮ್ಮನ್ನ ಕೇಳ್ದೆ ಹಾಕೋಕೆ ಮನಸ್ಸು ಬರ್ಲಿಲ್ಲ."

ಪರದೆಯಲ್ಲಿ ಮರಿಯ ತಲೆ ಜೋತಾಡುತ್ತಿತ್ತು. ನನ್ನ ಮಾನ ಆಗಲೇ ಗೇಟು ದಾಟಿಹೋಗಿತ್ತು, ಇನ್ನು ಉಳಿಸಿಕೊಳ್ಳುವುದೇನು? "ಹಾಕಿ. ಗೊರಕೇದೇ ಹಾಕಿ, ಅದೇ ಉದ್ದ ಇರ್ಬೇಕು" ಎಂದೆ.

ಗೋಡೆಯಾಚೆ ಸ್ಪೀಕರ್ ಇಟ್ಟರು. ಗೊರಕೆ ಬಂತು, ಇಸ್ತ್ರಿಪೆಟ್ಟಿಗೆ ಬಂತು, ನಾನು ಬಸ್ಸಿನಲ್ಲಿ ಕಂಡಕ್ಟರನ ಜೊತೆ ಜಗಳವಾಡಿದ್ದೂ ಬಂತು. ಸಿಂಹಗಳ ಕಡೆಯವರೆಗೂ ಕೇಳಿಸಿರಬೇಕು. ಅಕ್ಕ ನಿಂತಳು. ಕೇಳಿದಳು. ಮರಿಯನ್ನು ಕೆಳಗಿಟ್ಟಳು. ಅವಳು ಮಲಗಿ, ಮರಿಗಳು ತಡಕಾಡಿ ಬಾಯಿಟ್ಟ ಮೇಲೂ ದನಿ ಮುಂದುವರಿದೇ ಇತ್ತು.

"ಹೋದ್ಸಲ ನಿನ್ ಮಕ್ಕಳು ಹೋದಾಗ ಮನೇಲಿ ನಂಗೆ ಮಾತೇ ಹೊರಡ್ಲಿಲ್ಲ ಅಕ್ಕಾ. ಅವಳು ಏನೂ ಕೇಳ್ಲಿಲ್ಲ. ತೊಳೆದ ಪಾತ್ರೇನೇ ಮತ್ತೆ ತಗೊಂಡ್ಬಂದು ನನ್ ಪಕ್ಕ ಕೂತು ಉಜ್ಜಿದ್ಲು. ಆ ಸದ್ದು ಸಾಕಾಯ್ತು ನಂಗೆ. ಅವಳು ಬಯ್ತಿದ್ರೆ ಮನೇಲಿ ಎಲ್ಲಾ ಸರಿಯಿದೆ ಅಂತ. ಸುಮ್ನಾದ್ಲೋ, ನಂಗೆ ಎದೆ ಢವಢವ."

ಗುಮಾಸ್ತ ಸೂರು ನೋಡುತ್ತ ನಿಂತ. ನನಗೆ ಅಳು ತಡೆಯಲಾಗಲಿಲ್ಲ, ಎಲ್ಲರೆದುರೇ ಅತ್ತೆ. ನನ್ನ ಗಂಡ ಮೂಲೆಯಿಂದ ಏನೋ ಹೇಳಲು ಬಾಯಿಬಿಟ್ಟರು, ಗಾಳಿ ಬಂತು.

ಅವರ ಗಂಟಲು ತೆರೆಯುವವರೆಗೆ ಅಕ್ಕನಿಗೆ ಸ್ಪೀಕರೇ ಗತಿ. ನನಗೆ ಮನೆಯಲ್ಲಿ ಅದೂ ಇರಲಿಲ್ಲ. ಬಯಸಿ ಬಯಸಿ ಪಡೆದಿದ್ದ ಮೌನ ಈಗ ಮೈಮೇಲೆ ಬರುತ್ತಿತ್ತು. ಒಂದು ಸಂಜೆ ಮೇಲಿನ ಕಪಾಟಿನ ಡಬ್ಬಿಗಳನ್ನು ಕೆಳಗಿಟ್ಟೆ, ಸರಿಯೆನಿಸದೆ ಮತ್ತೆ ಮೇಲಿಟ್ಟೆ, ಆಮೇಲೆ ಕಿಟಕಿಯ ಹತ್ತಿರ ಸಾಗಿಸಿದೆ. ತಿರುಗಿ ನೋಡಿದರೆ ನನ್ನ ಗಂಡ ಟವೆಲ್ಲನ್ನು ಹಲ್ಲಲ್ಲಿ ಕಚ್ಚಿಕೊಂಡು ಮೂಲೆಯಿಂದ ಮೂಲೆಗೆ ಓಡಾಡುತ್ತಿದ್ದರು. ಅಣಕ! ಡಬ್ಬಿಯ ಮುಚ್ಚಳವನ್ನೇ ಎಸೆದೆ. ಆಮೇಲೆ ಎದುರಿಗೆ ಕೂತು, ಅವರಿಗೆ ಸಾಕುಸಾಕಾಗುವಷ್ಟು ಬೈದೆ. ಅವರು ಹಾಯಾಗಿ ಕಾಲು ಚಾಚಿದರು.

ಮರಿಗಳು ಬದುಕಿದವು. ಬೆಳೆದಮೇಲೆ ಒಂದು ದಿನ ಅಕ್ಕ ಅವುಗಳ ಕುತ್ತಿಗೆ ಹಿಡಿದು ನೀರಿಗೆಳೆದಳು. ಹುಟ್ಟಿನಿಂದ ನೀರುನಾಯಿಗೂ ಈಜು ಬರುವುದಿಲ್ಲ, ತಾಯಿಯೇ ಕಲಿಸಬೇಕು. ಸಾಹೇಬರು ಅಕ್ಕ ಭಾವರನ್ನು ಕಳಿಸುವ ಮಾತನ್ನೇ ಎತ್ತಲಿಲ್ಲ, ಎಲ್ಲ ತಮ್ಮ ಏರ್ಪಾಟೇ ಎಂಬಂತೆ ಪತ್ರಿಕೆಯವರ ಮುಂದೆ ನಿಂತಿದ್ದರು. ನಾನೂ ನೋಡಲು ಹೋಗಿದ್ದೆ. ಕೊಳದ ಕಟ್ಟೆಗೆ ಒರಗಿ ನನ್ನ ಗಂಡ, ಗಂಟಲು ಬಂದ ಸಂಭ್ರಮದಲ್ಲಿ, ಗುರುತಿಲ್ಲದವರಿಗೂ ಮರಿಗಳ ಜಾತಕ ಒಪ್ಪಿಸುತ್ತಿದ್ದರು.

"ಸ್ವಲ್ಪ ಸುಮ್ನಿರ್ರೀ, ಎಲ್ಲಾ ನೋಡ್ತಿದ್ದಾರೆ" ಎಂದೆ, ಅಭ್ಯಾಸಬಲ.

ಅವರು ಸುಮ್ಮನಾದರು.

ನೀರಿನಲ್ಲಿ ಅಕ್ಕ ಎದೆಮಟ್ಟ ಎದ್ದು ನಿಂತಳು. ಗಂಟಲ ಮಚ್ಚೆ ಬಿಸಿಲಿಗೆ ಹೊಳೆಯಿತು. ನನ್ನನ್ನೇ ಗುರಾಯಿಸಿ 'ಫೂ' ಎಂದಳು. ಅವಳ ಹಿಂದೆ ಭಾವ ಎದ್ದ, ಅವನ ಹಿಂದೆ ಮರಿಗಳೂ ಎದ್ದು ಎಳೆಗಂಟಲಲ್ಲಿ 'ಫೂ, ಫೂ' ಎಂದವು. ಇಡೀ ನಾದಿನಿ ಸಂಸಾರ ನನ್ನ ಮೇಲೆ ತಿರುಗಿಬಿದ್ದಿತ್ತು.

"ಅಯ್ಯೋ, ಆಯ್ತಮ್ಮಾ, ಮಾತಾಡ್ಲಿ ಬಿಡು!" ಎಂದೆ. ಆಮೇಲೆ ನನ್ನ ಗಂಡನ ಪಕ್ಕೆಗೆ ತಿವಿದು, "ಮಾತಾಡ್ರೀ, ಮಕ್ಕಳು ಹೆದರ್ತಾವೆ" ಎಂದೆ.

ಅವರು ಗಂಟಲು ಸರಿಮಾಡಿಕೊಂಡು, ಪತ್ರಿಕೆಯವರ ಎದುರಿಗೇ, ನನ್ನ ಗೊರಕೆಯಿಂದ ಶುರು ಮಾಡಿದರು.