ಗಂಟಿಲ್ಲದ ದಾರ

ಗಿರಿಜಕ್ಕನಿಗೆ ಒಂದು ಕೆಟ್ಟ ಚಟವಿದೆ. ಯಾವ ಬಟ್ಟೆ ಕಂಡರೂ ಹಿಂಬದಿ ತಿರುಗಿಸಿ ನೋಡುತ್ತಾಳೆ. ನನ್ನ ಮಗಳು ನವ್ಯಾಳ ನಿಶ್ಚಿತಾರ್ಥದ ದಿನ, ಐವತ್ತು ಜನರ ಎದುರು, ನಾನು ಉಡುಪಿಯಿಂದ ತರಿಸಿಕೊಂಡ ಸೀರೆಯ ಸೆರಗು ಮಗುಚಿ, "ಇಲ್ಲೆ ಹಿಂದ ನೋಡು ಪ್ರಫುಲ್ಲಾ, ದಾರ ಹೆಂಗ ಜೋತಾಡಾಕತ್ತಾವು," ಎಂದಳು. ನನಗೆ ಬಂದ ಸಿಟ್ಟು ಊಟ ಮುಗಿದು ಪಾಯಸ ಕುಡಿಯುವವರೆಗೂ ಇಳಿಯಲಿಲ್ಲ. ಅದೇ ಚಟ ಅವಳನ್ನು ಎಲ್ಲಿಗೆ ಒಯ್ದಿತೆಂದು ಕಂಡ ಮೇಲೆ ಮಾತ್ರ ನಾನು ಅವಳನ್ನು ಕ್ಷಮಿಸಿದ್ದು.

ಸಿಡ್ನಿಯ ಹ್ಯಾರಿಸ್ ಪಾರ್ಕಿನ ಒಂದು ಆಲ್ಟರೇಶನ್ ಅಂಗಡಿಯಲ್ಲಿ ನಾವಿಬ್ಬರೂ ಕೆಲಸಕ್ಕಿದ್ದೆವು. ನಾನು ಕೌಂಟರಿನಲ್ಲಿ, ಅವಳು ಮಷೀನಿನ ಮುಂದೆ. ನನಗಿಂತ ಎರಡು ವರ್ಷಕ್ಕೆ ದೊಡ್ಡವಳು. ಧಾರವಾಡದವಳು. ಗಂಡ ಅಡಿವೆಪ್ಪನಿಗೆ ಸಿಡ್ನಿಯಲ್ಲಿ ಕೆಲಸ ಸಿಕ್ಕಿತೆಂದು ಬಂದು, ಒಂಬತ್ತು ವರ್ಷ ಊರವರ ಪ್ಯಾಂಟುಗಳನ್ನೆಲ್ಲ ಗಿಡ್ಡ ಮಾಡುತ್ತ ಕೂತಿದ್ದಳು. ಅವಳ ಕೈಯಲ್ಲಿ ಕಸೂತಿ ಇದೆ ಎನ್ನುವುದು ನನಗೇ ಗೊತ್ತಿರಲಿಲ್ಲ. ಯಾರೂ ಕೇಳಿರಲಿಲ್ಲ, ಅವಳೂ ಹೇಳಿರಲಿಲ್ಲ.

2003ರಲ್ಲಿ ಕೆವಿನ್ ಎಂಬ ಬಸ್ ಡ್ರೈವರ್ ಒಂದು ಬಿಳಿ ಲಿನನ್ ಅಂಗಿ ತಂದ. ತೋಳಿನ ತುದಿಯಲ್ಲಿ ಕಪ್ಪು ದಾರದ ಸಣ್ಣ ಕುಸುರಿ, ಅದರ ನಡುವೆ ಹರಿದಿತ್ತು. ಊರ ಹೊರಗಿನ ಮೈದಾನದಲ್ಲಿ ಪ್ರತಿ ವರ್ಷ ಮೇ ತಿಂಗಳಲ್ಲಿ ಎರಡು ದಿನ ಒಂದು ಮೇಳ ನಡೆಯುತ್ತದಂತೆ, ಹದಿನೈದು ವರ್ಷದಿಂದ ಒಮ್ಮೆಯೂ ತಪ್ಪಿಲ್ಲವಂತೆ. ಅಲ್ಲಿ ಎಲ್ಲರೂ ಐನೂರು ವರ್ಷದ ಹಿಂದಿನವರಂತೆ ಬಟ್ಟೆ ತೊಟ್ಟು ಕತ್ತಿವರಸೆ ಆಡುತ್ತಾರೆ, ಕುಲುಮೆ ಹೂಡುತ್ತಾರೆ, ಲಾವಣಿ ಹಾಡುತ್ತಾರೆ. ವರ್ಷವಿಡೀ ಬಸ್ ಓಡಿಸುವ ಕೆವಿನ್ ಆ ಎರಡು ದಿನ ಸರದಾರ. ಕೇಳಿ ನನಗೆ ನಗು ತಡೆಯಲಾಗಲಿಲ್ಲ.

ಗಿರಿಜಕ್ಕ ನಗಲಿಲ್ಲ. ಆ ತೋಳನ್ನು ತಿರುಗಿಸಿ ನೋಡಿದಳು, ಮತ್ತೆ ಮುಂದೆ ನೋಡಿದಳು. "ಅಯ್ಯ ಶಿವನ! ಇದು ನಮ್ಮ ಗವಂತಿ ಹೊಲಿಗಿ!" ಎಂದಳು.

ಕಸೂತಿಯ ಈ ಗವಂತಿಯಲ್ಲಿ ಬಟ್ಟೆಯ ಎಳೆ ಎಣಿಸುತ್ತ, ಒಂದು ಬಿಟ್ಟು ಒಂದು ಹೊಲಿಗೆ ಹಾಕುತ್ತ ಹೋಗಬೇಕು. ಅದೇ ದಾರಿಯಲ್ಲಿ ಬಿಟ್ಟ ಜಾಗ ತುಂಬುತ್ತ ವಾಪಸ್ಸು ಬರಬೇಕು. ಹಾಗೆ ಮಾಡಿದರೆ ಮುಂದೆ ಹೇಗೋ ಹಿಂದೆಯೂ ಹಾಗೇ. ದಾರಕ್ಕೆ ಗಂಟು ಮಾತ್ರ ಎಲ್ಲಿಯೂ ಬೀಳಕೂಡದು. ಇಷ್ಟನ್ನು ಅವಳ ಅವ್ವ ಏಳನೇ ವಯಸ್ಸಿಗೇ ಕಲಿಸಿದ್ದಳು. ಅಂಗಿ ವಾಪಸ್ಸು ತೆಗೆದುಕೊಂಡ ಕೆವಿನ್‌ಗೆ ಹರಿದ ಜಾಗ ಹುಡುಕಿದರೂ ಸಿಗಲಿಲ್ಲ. ಮೇಳದಲ್ಲಿ ಕುಸುರಿ ಸ್ಪರ್ಧೆಯಿದೆ, ಕೈಕೆಲಸ ಮಾತ್ರ ತಗೊಳ್ಳುತ್ತಾರೆ, ನೀವು ಸೇರಲೇಬೇಕು ಎಂದು ಹೇಳಿ ಹೋದ.

ಗಿರಿಜಕ್ಕ ನಾಲ್ಕು ತಿಂಗಳು ಕೂತು ಒಂದು ಕಾಲರು ಹೊಲಿದಳು. 2004ರ ಮೇಳಕ್ಕೆ ನಾನೇ ಕಾರಿನಲ್ಲಿ ಕರೆದುಕೊಂಡು ಹೋದೆ. ತೀರ್ಪುಗಾರ್ತಿ ಡೊರೊತಿ ಎಂಬ ನಿವೃತ್ತ ಟೀಚರ್, ಬಿಳಿ ಟೊಪ್ಪಿಗೆ, ಉದ್ದ ಲಂಗ. ಎಲ್ಲರ ಕೆಲಸವನ್ನೂ ತಿರುಗಿಸಿ ನೋಡುತ್ತ ಬಂದಳು. ಅಬ್ಬಾ, ನಮ್ಮ ಗಿರಿಜಕ್ಕನಿಗೆ ಜೋಡಿ ಸಿಕ್ಕಿತು ಎಂದುಕೊಂಡೆ. ಆ ಕಾಲರಿನ ಹಿಂಬದಿಯನ್ನು ಆಕೆ ಬಹಳ ಹೊತ್ತು ನೋಡಿದಳು. ಗಂಟಿಲ್ಲ, ದಾರದ ಬಾಲವಿಲ್ಲ. ಚೀಟಿಯಲ್ಲಿ ಬರೆದು ಪಿನ್ ಚುಚ್ಚಿದಳು: "ಮಷೀನ್ ಕೆಲಸ. ಸ್ಪರ್ಧೆಗೆ ಸೇರಿಸಿಲ್ಲ."

ನಾನು ಜಗಳಕ್ಕೆ ಹೊರಟೆ. ಗಿರಿಜಕ್ಕ ಕೈ ಹಿಡಿದು ಕಾರಿಗೆ ಎಳೆದು ತಂದಳು. ಬಾಗಿಲು ಹಾಕಿಕೊಂಡ ಮೇಲೆ ಅತ್ತಳು. ಅಷ್ಟು ವರ್ಷಗಳಲ್ಲಿ ಅವಳು ಅತ್ತಿದ್ದನ್ನು ನಾನು ಕಂಡದ್ದು ಅದೊಂದೇ ಸಲ.

"ದಿನಾ ಮಷೀನ್ ತುಳೀತೀನಿ, ಅದಕ್ಕೇನು ನಾಚಿಕಿಲ್ಲ. ಆದರ ಇದು ನಮ್ಮವ್ವ ಕೊಟ್ಟ ಕೈ. ಇದನ್ನ ಮಷೀನ್ ಅಂದ್ಲಲ್ಲ ಆಕಿ!"

ಮನೆಯಲ್ಲಿ ಅಡಿವೆಪ್ಪ ಸುಲಭದ ದಾರಿ ತೋರಿಸಿದ. "ಮುಂದಿನ ವರ್ಷ ಹಿಂದ ಎರಡು ಗಂಟು ಹಾಕಿಬಿಡು. ಕೈಲೇ ಮಾಡಿದ್ದು ಅಂತ ನಂಬ್ತಾರ. ಪ್ರೈಜೂ ಬರ್ತದ."

"ಗಂಟು ಕಂಡ್ರ ನಮ್ಮವ್ವ ಇಡೀ ಸಾಲು ಬಿಚ್ಚಸ್ತಿದ್ಲು. ನನಗ ಪ್ರೈಜ್ ಬ್ಯಾಡ್ರಿ. ಆಕಿ ತನ್ನ ಮಾತು ವಾಪಸ್ ತಗೋಬೇಕು. ಅಷ್ಟ."

ಸ್ಪರ್ಧೆಗೆ ಮತ್ತೆ ಸೇರುವುದಿಲ್ಲ, ಮೇಳದಲ್ಲೇ ಎರಡೂ ದಿನ ಎಲ್ಲರ ಕಣ್ಣೆದುರು ಕೂತು ಹೊಲಿಯುತ್ತೇನೆ ಎಂದು ಹಟ ಹಿಡಿದಳು. ಮೇಳದವರಿಗೆ ಕಾಗದ ಬರೆದೆವು. ಮೈದಾನದಲ್ಲಿ ಕೂತು ಕೆಲಸ ಮಾಡುವವರು 1600ಕ್ಕಿಂತ ಹಿಂದಿನ ಉಡುಪಿನಲ್ಲಿರಬೇಕು ಎಂದು ಉತ್ತರ ಬಂತು. ಅಲ್ಲಿಗೆ ಮುಗಿಯಿತು ಎಂದುಕೊಂಡೆ ನಾನು. ಗಿರಿಜಕ್ಕ ಆ ನಿಯಮಗಳ ಪುಸ್ತಕ ತರಿಸಿ ನನ್ನ ಕೈಯಲ್ಲಿ ಮೂರು ಸಲ ಓದಿಸಿದಳು.

"ಯಾವ ದೇಶದ ಉಡುಪು ಅಂತ ಬರದಾರೇನು?"

"ಇಲ್ಲ."

"ಮತ್ತ? ಐನೂರು ವರ್ಷದ ಹಿಂದ ನಮ್ಮ ಕಡೆ ಮಂದಿ ಅರಿಬಿ ಇಲ್ದ ಅಡ್ಡಾಡ್ತಿದ್ರೇನು?"

"ಗಿರಿಜಕ್ಕ, ನಿನಗೆ ಮರ್ಲು ಮಾರಾಯ್ತಿ," ಎಂದೆ. ಆದರೂ ಅರ್ಜಿ ನಾನೇ ತುಂಬಿದೆ. ಎರಡು ಸಲ ತಿರಸ್ಕಾರವಾಗಿ ಮೂರನೆಯ ಸಲ ಒಪ್ಪಿಗೆ ಬಂತು.

2005ರ ಮೇ, ಶನಿವಾರ ಬೆಳಿಗ್ಗೆ. ಇಲ್ಲಿ ಅದು ಚಳಿ ಹಿಡಿಯುವ ತಿಂಗಳು. ಹುಲ್ಲಿನ ಮೇಲೆ ಇಬ್ಬನಿ ಬೆಳ್ಳಗೆ ಗಟ್ಟಿಯಾಗಿತ್ತು. ಗಿರಿಜಕ್ಕ ಇಳಕಲ್ ಸೀರೆ ಉಟ್ಟು, ಒಳಗೆ ಎರಡು ಉಣ್ಣೆಯಂಗಿ ಹಾಕಿ, ಡೊರೊತಿಯ ಡೇರೆಯ ಎದುರಿಗೇ ಉದ್ದನೆಯ ಮರದ ಸ್ಟೂಲು ಹಾಕಿ ಕೂತಳು. ಪ್ಲಾಸ್ಟಿಕ್ ಕಾಣಬಾರದೆಂದು ಕಾವಲಿನವನು ನಮ್ಮ ಚಿತ್ರಾನ್ನದ ಡಬ್ಬಿ ಅಡಗಿಸಲು ಹೇಳಿದ. ಸಿಟ್ಟು ಬಂದರೂ ಶಾಲು ಮುಚ್ಚಿದೆ. ಪಕ್ಕದಲ್ಲಿ ಕಬ್ಬಿಣದ ಟೊಪ್ಪಿ ಹಾಕಿಕೊಂಡ ಕೆವಿನ್ ಹೋಗಿ ಬರುವವರಿಗೆಲ್ಲ, "ನೋಡಿ, ಕೈಯಲ್ಲೇ ಮಾಡುತ್ತಿದ್ದಾರೆ," ಎಂದು ಕೂಗುತ್ತಿದ್ದ. ಬಸ್ಸಿನಲ್ಲಿ ಸ್ಟಾಪ್ ಹೆಸರು ಕೂಗಿ ಕೂಗಿ ಪಳಗಿದ ಗಂಟಲು. ಜನ ಮುತ್ತಿಕೊಂಡರು. ಡೊರೊತಿ ಮಾತ್ರ ಎರಡು ಸಲ ಆ ದಾರಿಯಲ್ಲಿ ಬಂದರೂ ಈ ಕಡೆ ತಿರುಗಲಿಲ್ಲ.

ಭಾನುವಾರವೂ ಹಾಗೆಯೇ ಕಳೆಯಿತು. ಸಂಜೆ ನಾಲ್ಕಾದಾಗ ಡೇರೆಗಳನ್ನು ಬಿಚ್ಚತೊಡಗಿದರು. ಗಿರಿಜಕ್ಕನ ಬೆರಳುಗಳು ಚಳಿಗೆ ಮರಗಟ್ಟಿದ್ದವು. ಕೊನೆಯ ಸಾಲಿನಲ್ಲಿ ದಾರ ಫಟ್ಟನೆ ತುಂಡಾಯಿತು.

ಸೋತವಳು ಅವಳಲ್ಲ, ನಾನು. "ಒಂದು ಗಂಟು ಹಾಕಿ ಮುಗಿಸು ಮಾರಾಯ್ತಿ. ಯಾರು ನೋಡ್ತಾರೆ? ಆ ಹೆಂಗಸು ಬರುವುದಿಲ್ಲ."

"ನಾ ನೋಡ್ತೀನಲ್ಲ," ಎಂದಳು ತಲೆಯೆತ್ತದೆ.

ಸೂಜಿಯ ಮೊನೆಯಿಂದ ಹಿಂದಿನ ಹೊಲಿಗೆಗಳನ್ನು ಒಂದೊಂದಾಗಿ ಬಿಚ್ಚಿದಳು. ಒಂದು, ಎರಡು, ಮೂರು... ಹನ್ನೊಂದು ಹೊಲಿಗೆ. ಹೊಸ ದಾರ ಪೋಣಿಸಿ, ಎರಡೂ ದಾರಗಳ ತುದಿಯನ್ನು ಹಳೆಯ ಹೊಲಿಗೆಯ ಅಡಿಯಲ್ಲಿ ಮರೆಸಿ, ಮತ್ತೆ ಎಳೆ ಎಣಿಸುತ್ತ ಹೊರಟಳು. ಹನ್ನೊಂದನೆಯ ಹೊಲಿಗೆ ಮುಟ್ಟಿದಾಗ ನಾನು ತಿರುಗಿ ನೋಡಿದೆ. ಡೊರೊತಿ ನಮ್ಮ ಬೆನ್ನ ಹಿಂದೆಯೇ ನಿಂತಿದ್ದಳು. ಎಷ್ಟು ಹೊತ್ತಿನಿಂದ ನಿಂತಿದ್ದಳೋ ಗೊತ್ತಿಲ್ಲ.

ಆಕೆ ಕೈ ಚಾಚಿದಳು. ಗಿರಿಜಕ್ಕ ಬಟ್ಟೆ ಕೊಟ್ಟಳು. ಡೊರೊತಿ ತಿರುಗಿಸಿದಳು, ಮತ್ತೆ ತಿರುಗಿಸಿದಳು. ಬಿಚ್ಚಿ ಹೊಲಿದ ಜಾಗವನ್ನು ಉಗುರಿನಿಂದ ಹುಡುಕಿದಳು.

"ಕಳೆದ ವರ್ಷ ನಾನು ಬರೆದದ್ದು ತಪ್ಪು," ಎಂದಳು. ಮುಖ ಕೆಂಪಾಗಿತ್ತು. "ನಲವತ್ತು ವರ್ಷದಿಂದ ಹೊಲಿಯುತ್ತಿದ್ದೇನೆ. ನನ್ನ ಕೈಗೆ ಆಗದ್ದು ಯಾರ ಕೈಗೂ ಆಗದು ಎಂದುಕೊಂಡಿದ್ದೆ. ನನ್ನನ್ನು ಕ್ಷಮಿಸಿ."

ಆ ಮಾತಿಗಾಗಿ ಗಿರಿಜಕ್ಕ ಒಂದು ವರ್ಷ ಕಾದಿದ್ದಳು. ಏನಾದರೂ ಚುಚ್ಚಿ ಹೇಳುತ್ತಾಳೆ ಎಂದು ನಾನು ಆಸೆಯಿಂದ ಕಾದೆ. ಅವಳು ಸ್ಟೂಲಿನ ಮೇಲೆ ಸ್ವಲ್ಪ ಸರಿದು ಜಾಗ ಬಿಟ್ಟಳು.

ಡೊರೊತಿ ಲಂಗ ಎತ್ತಿಕೊಂಡು ಪಕ್ಕದಲ್ಲಿ ಕೂತಳು. ಗಿರಿಜಕ್ಕ ಅವಳ ಕೈಗೆ ಒಂದು ತುಂಡು ಲಿನನ್, ಸೂಜಿ, ದಾರ ಕೊಟ್ಟಳು. ಡೊರೊತಿ ಸೂಜಿಗೆ ದಾರ ಪೋಣಿಸಿ, ನಲವತ್ತು ವರ್ಷದ ರೂಢಿಯಂತೆ ತುದಿಗೊಂದು ಗಂಟು ಹಾಕಿದಳು.

ಗಿರಿಜಕ್ಕ ಕತ್ತರಿ ತೆಗೆದುಕೊಂಡು ಆ ಗಂಟನ್ನು ಕತ್ತರಿಸಿದಳು.